ಮೂಕ ಚಿತ್ರಕ್ಕೆ ಮಾವನ ಅರ್ಥ

ನಮ್ಮ ಮನೆಯ ಟಿ.ವಿ.ಗೆ ಬಾಯಿಲ್ಲ. ಹಾಳಾದದ್ದಲ್ಲ ಮಾರಾಯ್ರೆ, ನಾವೇ ಮುಚ್ಚಿಸಿದ್ದು. ಕುವೈತಿನ ಫಹಾಹೀಲಿನಲ್ಲಿರುವ ಈ ಎರಡು ಕೋಣೆಯ ಫ್ಲ್ಯಾಟಿಗೆ ಮೊದಲ ಸಲ ಬಂದವರು ಸೋಫಾದಲ್ಲಿ ಕೂತು ಸ್ವಲ್ಪ ಹೊತ್ತು ಚಿತ್ರ ನೋಡ್ತಾರೆ. ಆಮೇಲೆ ಮೆಲ್ಲಗೆ ರಿಮೋಟ್ ಎಲ್ಲಿ ಉಂಟು ಎಂದು ಕಣ್ಣಿನಲ್ಲೇ ಹುಡುಕ್ತಾರೆ. "ಸೌಂಡ್ ಬರುವುದಿಲ್ವಾ?" ಎಂದು ಕೇಳಿದರೆ, "ಬರ್ತದೆ, ನಾವು ಬಿಡುವುದಿಲ್ಲ" ಎನ್ನುತ್ತೇನೆ ನಾನು. ಅವರು ಒಮ್ಮೆ ನನ್ನ ಮುಖ, ಒಮ್ಮೆ ನನ್ನ ಗಂಡನ ಮುಖ ನೋಡಿ, ಇಲ್ಲಿ ಏನೋ ಆಗಿದೆ ಎಂದು ತಾವೇ ತೀರ್ಮಾನ ಮಾಡಿಕೊಂಡು, ಅರ್ಧ ಚಹಾ ಬಿಟ್ಟು ಹೊರಡ್ತಾರೆ.

ನಿಜ ಸಂಗತಿ ಇಷ್ಟೇ. ನನ್ನ ಗಂಡ ಹರೀಶ್‌ಗೆ ಮೀನಾ ಅಲ್ ಅಹ್ಮದಿಯ ರಿಫೈನರಿಯಲ್ಲಿ ಟೆಕ್ನಿಶಿಯನ್ ಕೆಲಸ. ಬೆಳಗಿನಿಂದ ಪಂಪು, ಕಂಪ್ರೆಸರು, ಹಬೆ, ಇವುಗಳ ಗದ್ದಲ. ಕಿವಿಯೊಳಗೆ ಸ್ಪಂಜಿನ ತುಂಡು ತುರುಕಿ, ಅದರ ಮೇಲೆ ಇನ್ನೊಂದು ಮುಚ್ಚಳ ಹಾಕಿ ಕೆಲಸ ಮಾಡುವವರು. ಮನೆಗೆ ಬಂದ ಮೇಲೆ ಅರ್ಧ ಗಂಟೆ ಯಾರ ದನಿಯೂ ಬೇಡ ಎಂಬುದು ಅವರ ಕಾನೂನು. ಆ 'ಯಾರ' ಎಂಬುದರಲ್ಲಿ ಕಟ್ಟಿಕೊಂಡ ಹೆಂಡತಿಯೂ ಸೇರಿದ್ದಾಳೆ ಎಂದು ಗೊತ್ತಾದಾಗ ಮೊದಮೊದಲು ನನಗೆ ಒಳ್ಳೆಯ ಸಿಟ್ಟು ಬಂದಿತ್ತು. ನಾನು ರುಮೈಥಿಯಾದ ಒಂದು ಹಲ್ಲಿನ ಕ್ಲಿನಿಕ್ಕಿನಲ್ಲಿ ರಿಸೆಪ್ಶನಿಸ್ಟ್. ಅಲ್ಲಿಗೆ ಬರುವವರೆಲ್ಲ ಬಾಯಿ ತೆರೆದೇ ಇರ್ತಾರೆ, ಒಂದು ಮಾತು ಆಡುವುದಿಲ್ಲ. ಹಾಗಾಗಿ ಮನೆಗೆ ಬಂದು ನಾಲ್ಕು ಮಾತಾಡದಿದ್ದರೆ ನನಗೆ ತಿಂದದ್ದು ಕರಗುವುದಿಲ್ಲ.

ಒಂದು ದಿನ ಹರೀಶ್ ಫೋನಿಗೆ ಎಲ್ಲಿಂದಲೋ ಒಂದು ಹಳೇ ಮೂಕ ಕಾರ್ಟೂನ್ ಬಂತು. ಸಿನಿಮಾಕ್ಕೆ ಮಾತು ಬರುವ ಮೊದಲಿನ ಕಾಲದಲ್ಲಿ ಯಾರೋ ಪುಣ್ಯಾತ್ಮರು ಒಂದೊಂದೇ ಗೆರೆ ಎಳೆದು ಓಡಿಸಿದ ಚಿತ್ರ. ಅದಕ್ಕೆ ಈಚಿನವರು ಪಿಯಾನೊ ಸೇರಿಸಿದ್ದರು. ಇವರು ಅದನ್ನೂ ಬಂದ್ ಮಾಡಿದರು. ಅಲ್ಲಿಂದ ಶುರುವಾದ ಹುಚ್ಚು ನೋಡಿ, ಇವತ್ತಿನವರೆಗೆ ಇಳಿದಿಲ್ಲ. ಕೂದಲು ನರೆತ ಗಂಡಸು, ಅಷ್ಟು ದೊಡ್ಡ ಆಯಿಲ್ ಕಂಪೆನಿಯ ಕೆಲಸದವನು, ಸಂಜೆ ಬೂಟು ಬಿಚ್ಚುವ ಮೊದಲೇ ಕಾರ್ಟೂನ್ ಹಾಕಿಕೊಂಡು ಕೂರುವುದು ಎಂದರೆ! ಫೋನಿನಲ್ಲಿ ಅಮ್ಮನಿಗೆ ಇದನ್ನು ಹೇಳಿ ನಾನು ಎಷ್ಟು ನಗಾಡಿದ್ದೇನೋ. ಆಮೇಲೆ ಒಂದು ಸಲ ಬೀನ್ಸ್ ಮುರಿಯುತ್ತ ಪಕ್ಕದಲ್ಲಿ ಕೂತೆ. ಬೀನ್ಸ್ ಮುಗಿಯಿತು, ನಾನು ಏಳಲಿಲ್ಲ.

ಈ ಚಿತ್ರಗಳಲ್ಲಿ ಕಥೆ ಎಂದರೆ ಸಂಸಾರದ ಕಥೆ, ಬೇರೆ ಎಂತದೂ ಇಲ್ಲ. ಬೋಳುತಲೆಯ ಒಬ್ಬ ಗಂಡ, ಅವನ ಎರಡರಷ್ಟು ಅಗಲದ ಹೆಂಡತಿ, ಅಂಬೆಗಾಲಿಡುವ ಒಂದು ಮಗು, ಯಾರ ಪಕ್ಷಕ್ಕೂ ಸೇರದ ಒಂದು ಬೆಕ್ಕು. ಮಗುವನ್ನು ನೋಡಿಕೊಳ್ಳಿ ಎಂದು ಹೇಳಿ ಹೆಂಡತಿ ಪೇಟೆಗೆ ಹೋಗ್ತಾಳೆ. ಗಂಡ ನಿದ್ದೆ ಹೋಗ್ತಾನೆ. ಮಗು ಕಿಟಕಿ ದಾಟಿ, ಬಟ್ಟೆ ಒಣಗಿಸುವ ಹಗ್ಗದ ಮೇಲೆ ನಡೆದು ಎದುರು ಮನೆಗೆ ಹೊರಡ್ತದೆ. ಎಚ್ಚರಾದ ಗಂಡನ ತಲೆಯ ಮೇಲೆ ಒಂದು ದೊಡ್ಡ ಪ್ರಶ್ನಾರ್ಥಕ ಚಿಹ್ನೆ ಮೂಡ್ತದೆ. ಅವನು ಅದನ್ನೇ ಕೈಯಲ್ಲಿ ಹಿಡಿದು, ಕೊಕ್ಕೆ ಮಾಡಿ ಹಗ್ಗಕ್ಕೆ ಸಿಕ್ಕಿಸಿ, ಮಗುವಿನ ಹಿಂದೆ ಜಾರಿಕೊಂಡು ಹೋಗ್ತಾನೆ. ಯಾರಾದರೂ ಯಾರನ್ನಾದರೂ ನೋಡಿದರೆ ಕಣ್ಣಿನಿಂದ ಅಲ್ಲಿಯವರೆಗೆ ಚುಕ್ಕಿ ಚುಕ್ಕಿ ಗೆರೆ. ಅತ್ತರೆ ಬಟಾಣಿ ಗಾತ್ರದ ಕಣ್ಣೀರು ಹಾರಿ ನೆಲವೆಲ್ಲ ನೀರು. ಹೆಂಡತಿ ಆ ನೀರಿನಲ್ಲೇ ಎರಡು ಬಟ್ಟೆ ಒಗೆದುಬಿಡ್ತಾಳೆ. ಕೆಲಸ ಗೊತ್ತಿರುವವಳು.

ಮತ್ತೆ ಆ ಲಟ್ಟಣಿಗೆ. ಆ ಕಾಲದ ಹೆಂಡತಿಯರೆಲ್ಲ ಅದನ್ನು ಸೀರೆಯ ಸೆರಗಿನ ಹಾಗೆ ಯಾವಾಗಲೂ ಜೊತೆಗೇ ಇಟ್ಟುಕೊಂಡಿದ್ದರೋ ಏನೋ. ನಮ್ಮ ತುಳುವರ ಮನೆಯಲ್ಲಿ ಕುಚ್ಚಲಕ್ಕಿ ಅನ್ನ, ನೀರುದೋಸೆ, ಮೀನು ಸಾರು. ಲಟ್ಟಣಿಗೆಗೆ ಎಲ್ಲಿ ಕೆಲಸ? ನನ್ನ ಹತ್ತಿರ ಇರುವ ಒಂದೇ ಲಟ್ಟಣಿಗೆ ಮಗಳ ಶಾಲೆಯ ಯಾವುದೋ ಅಡುಗೆ ದಿನಕ್ಕೆಂದು ತಂದದ್ದು. ಈಗ ಅದರಲ್ಲಿ ಐಸ್ ಒಡೆಯುತ್ತೇನೆ. ಗಂಡನಿಗೆ ಬೀಸಬೇಕೆಂದರೆ ನಮಗೆ ಸೌಟೇ ಗತಿ.

ನನಗೆ ಈ ಚಿತ್ರಗಳಲ್ಲಿ ತುಂಬ ಹಿಡಿಸಿದ್ದು ಒಂದೇ ವಿಷಯ. ಲಟ್ಟಣಿಗೆಯ ಪೆಟ್ಟಿಗೆ ಗಂಡ ದೋಸೆಯ ಹಾಗೆ ಚಪ್ಪಟೆಯಾಗ್ತಾನೆ, ಮರುಗಳಿಗೆ ಎದ್ದು ಟೊಪ್ಪಿ ಸರಿ ಮಾಡಿಕೊಳ್ತಾನೆ. ಹೆಂಡತಿ ಅವನಿಗೆ ಊಟ ಬಡಿಸ್ತಾಳೆ. ಯಾರೂ ಮನಸ್ಸಿನಲ್ಲಿ ಇಟ್ಟುಕೊಳ್ಳುವುದಿಲ್ಲ. ಏಳು ನಿಮಿಷದಲ್ಲಿ ಜಗಳ ಖಲಾಸ್.

ನಾನು ಬೆಳೆದ ಮನೆಯಲ್ಲಿ ಹಾಗಿರಲಿಲ್ಲ. ಬಜಪೆಯ ಹತ್ತಿರ ನಮ್ಮದು ಹಂಚಿನ ಸಣ್ಣ ಮನೆ. ಅಪ್ಪ ಅಮ್ಮನಿಗೆ ಜಗಳವಾದರೆ ಬೊಬ್ಬೆ ಇಲ್ಲ, ಪಾತ್ರೆಯ ಸದ್ದೂ ಇಲ್ಲ. ಅಮ್ಮ ಬೆಕ್ಕಿನ ಹತ್ತಿರ ಮಾತಾಡಲಿಕ್ಕೆ ಶುರುಮಾಡುತ್ತಿದ್ದರು. "ಕೇಳಿತಾ ಬೆಕ್ಕೇ, ಕೆಲವರಿಗೆ ಎಣ್ಣೆ ತರಲಿಕ್ಕೆ ಹೇಳಿದರೆ ವೀಳ್ಯದೆಲೆ ತರ್ತಾರೆ." ಅಪ್ಪ ಅಂಗಳದಿಂದಲೇ, "ಬೆಕ್ಕೇ, ಎಣ್ಣೆಯ ಅಂಗಡಿ ಬಾಗಿಲು ಹಾಕಿತ್ತು ಎಂದು ಹೇಳು" ಎನ್ನುತ್ತಿದ್ದರು. ಪಾಪದ ಬೆಕ್ಕು, ಇಬ್ಬರ ಮುಖ ನೋಡಿ ನೋಡಿ ಅದರ ಕುತ್ತಿಗೆ ಸವೆದಿರಬೇಕು. ನಾವು ಮಕ್ಕಳು ಅದಕ್ಕೆ 'ವಕೀಲ' ಎಂದು ಹೆಸರಿಟ್ಟಿದ್ದೆವು.

ಹೋದ ಚಳಿಗಾಲದಲ್ಲಿ ಆ ಬೆಕ್ಕಿನ ಕೆಲಸ ನನಗೇ ಬಂತು.

ಹರೀಶ್ ಅಪ್ಪ, ಅಂದರೆ ನನ್ನ ಮಾವ, ವಿಸಿಟ್ ವೀಸಾದಲ್ಲಿ ಕುವೈತಿಗೆ ಬಂದರು. ಎಪ್ಪತ್ತೆಂಟು ವರ್ಷ, ನಿವೃತ್ತ ಪ್ರೈಮರಿ ಶಾಲೆಯ ಮಾಸ್ಟ್ರು, ವಿಟ್ಲದಲ್ಲಿ ಮಗಳ ಮನೆಯಲ್ಲಿ ಇರುವವರು. ಅವರಿಗೂ ಹರೀಶ್‌ಗೂ ಐದು ವರ್ಷದಿಂದ ಮಾತಿಲ್ಲ. ಕರೆಸಿದ್ದು ನಾನು. ಅಪ್ಪ ಮಗ ಒಂದೇ ಛಾವಣಿಯ ಕೆಳಗೆ ಒಂದು ತಿಂಗಳು ಇದ್ದರೆ ಎಷ್ಟು ದಿನ ಅಂತ ಬಾಯಿ ಮುಚ್ಚಿಕೊಂಡು ಇರ್ತಾರೆ ಎಂಬುದು ನನ್ನ ಲೆಕ್ಕಾಚಾರ. ನನಗೆ ಇಂಥ ಬುದ್ಧಿವಂತಿಕೆ ಆಗಾಗ ಬರ್ತದೆ, ಯಾವಾಗಲೂ ನನ್ನ ತಲೆಗೇ ಬಂದು ಕೂರ್ತದೆ.

ವಿಮಾನ ನಿಲ್ದಾಣದಲ್ಲೇ ಶುರು. ಮಗ ಪೆಟ್ಟಿಗೆ ಎಳೆಯಲಿಕ್ಕೆ ಹೋದರೆ ಮಾವ ನನಗೆ, "ಅದರ ಒಂದು ಚಕ್ರ ಸರಿ ಇಲ್ಲ ಎಂದು ಹೇಳು" ಎಂದರು. ಪೆಟ್ಟಿಗೆಗೂ ನನಗೂ ನಡುವೆ ನಿಂತದ್ದು ಅವರ ಸ್ವಂತ ಮಗ. ಊಟಕ್ಕೆ ಕೂತರೆ, "ಅವನಿಗೆ ಸಾರು ಬೇಕಾ ಕೇಳು." ನಾನು ಕೇಳುವುದು. "ಸಾಕು ಎಂದು ಹೇಳು" ಎಂದು ಇವರು. ನಾನು ಹೇಳುವುದು. ನಮ್ಮ ಮಗಳು ಸಾನ್ವಿಗೆ ಹನ್ನೊಂದು ವರ್ಷ. ಅವಳಿಗೆ ತುಳು, ಕನ್ನಡ ಎಲ್ಲ ಅರ್ಥವಾಗ್ತದೆ, ಉತ್ತರ ಬರುವುದು ಮಾತ್ರ ಇಂಗ್ಲಿಷಿನಲ್ಲಿ. ಮೂರನೇ ದಿನ ಅವಳು ನನ್ನನ್ನು ಅಡಿಗೆಮನೆಗೆ ಎಳೆದುಕೊಂಡು ಹೋಗಿ, "ಮಮ್ಮಿ, ಹೂ ಈಸ್ ಡೆಫ್, ಅಜ್ಜ ಆರ್ ಪಪ್ಪ?" ಎಂದು ಗಂಭೀರವಾಗಿ ಕೇಳಿದಳು.

ಮಾತು ನಿಂತದ್ದು ಯಾಕೆ ಎಂದು ಈಗಲೇ ಹೇಳಿಬಿಡ್ತೇನೆ, ನಿಮ್ಮ ಹತ್ತಿರ ಮುಚ್ಚಿಟ್ಟು ಎಂತ ಮಾಡ್ಲಿಕ್ಕುಂಟು. ಐದು ವರ್ಷದ ಹಿಂದೆ ಅತ್ತೆ ಮೂರು ದಿನ ಆಸ್ಪತ್ರೆಯಲ್ಲಿ ಮಲಗಿ ತೀರಿಕೊಂಡರು. ಮಾವ ನಮಗೆ ಫೋನ್ ಮಾಡಿದ್ದೇ ಮೂರನೇ ದಿನ, ಎಲ್ಲ ಮುಗಿದ ಮೇಲೆ. ಹರೀಶ್ ಹೋಗಲಿಲ್ಲ. ಕೊಳ್ಳಿ ಇಡಲಿಕ್ಕೆ ಇರುವ ಒಬ್ಬನೇ ಮಗ ಹೋಗಲಿಲ್ಲ, ನಾದಿನಿಯ ಮಗ ಆ ಕೆಲಸ ಮಾಡಿದ. ಪಾಸ್‌ಪೋರ್ಟ್ ಕಂಪೆನಿಯಲ್ಲಿ ಸಿಕ್ಕಿಬಿದ್ದಿದೆ, ಕಫೀಲ್, ಅಂದರೆ ಕೆಲಸಕ್ಕೆ ಇಟ್ಟುಕೊಂಡ ಅರಬಿ ಧಣಿ, ಊರಲ್ಲಿಲ್ಲ ಎಂದು ಊರಿಗೆಲ್ಲ ಗೊತ್ತಾಯಿತು. ಗಲ್ಫಿನಲ್ಲಿ ಇದ್ದವರ ಮನೆಗಳಲ್ಲಿ ಇದಕ್ಕೆ ಎರಡನೇ ಪ್ರಶ್ನೆ ಇಲ್ಲ, ಎಲ್ಲರೂ ಅಯ್ಯೋ ಪಾಪ ಎಂದು ನಂಬ್ತಾರೆ.

ಪಾಸ್‌ಪೋರ್ಟ್ ನಮ್ಮ ಕಪಾಟಿನಲ್ಲಿ, ನನ್ನ ರೇಷ್ಮೆ ಸೀರೆಯ ಕೆಳಗೆ ಇತ್ತು. ಹರೀಶ್ ಹಳೇ ಕೆಲಸ ಬಿಟ್ಟು ಈ ರಿಫೈನರಿಯ ಕೆಲಸಕ್ಕೆ ಸೇರುವ ನಡುವಿನ ವಾರ ಅದು. ಇಕಾಮಾ, ಅಂದರೆ ಇಲ್ಲಿ ಇರಲಿಕ್ಕೆ ಬೇಕಾದ ಪರವಾನಿಗೆ, ಒಂದು ಕಡೆಯಿಂದ ಇನ್ನೊಂದು ಕಡೆಗೆ ದಾಟುತ್ತಿತ್ತು. ಆಗ ದೇಶ ಬಿಟ್ಟರೆ ಆ ಕೆಲಸ ಹೋಯಿತೆಂದೇ ಲೆಕ್ಕ. ನಾವಿಬ್ಬರೂ ಇದೇ ಸೋಫಾದಲ್ಲಿ ಒಂದು ಗಂಟೆ ಕೂತು ಯೋಚಿಸಿದೆವು. ಆಮೇಲೆ ಫೋನ್ ಎತ್ತಿ, "ಪಾಸ್‌ಪೋರ್ಟ್ ಕಂಪೆನಿಯಲ್ಲಿ ಉಂಟು ಮಾವ" ಎಂದು ಹೇಳಿದ್ದು ನಾನು. ಹರೀಶ್‌ಗೆ ಬಾಯಿ ಬರಲಿಲ್ಲ. ಆ ದಿನದಿಂದ ಅವರಿಗೆ ಅಪ್ಪನ ಎದುರು ಬಾಯಿ ಬರುವುದೇ ನಿಂತಿತು. ಮಾವನೂ ಮಾತು ಬಿಟ್ಟರು, ಸಿಟ್ಟು ಬಂದಿರಬೇಕು ಎಂದು ನಾವು ತಿಳಿದುಕೊಂಡೆವು. ಮಾವ ಇನ್ನೊಮ್ಮೆ ವಿಮಾನ ಹತ್ತುವುದು ಸಂಶಯ. ಈ ಸಲ ಇವರಿಬ್ಬರೂ ಮಾತಾಡದೆ ಹೋದರೆ ಮತ್ತೆ ಮಾತಾಡಲಿಕ್ಕೆ ಜಾಗವೇ ಇಲ್ಲ ಎಂಬ ಹೆದರಿಕೆ ನನಗೆ. ಆ ಹೆದರಿಕೆಗೇ ನಾನು ಟಿಕೆಟ್ ತೆಗೆದದ್ದು.

ಇಲ್ಲಿ ಮಾವನ ಗುರುತು ಮೊದಲು ಹಿಡಿದದ್ದು ಕೆಳಗಿನ ಬಕಾಲಾದ, ಅಂದರೆ ದಿನಸಿ ಅಂಗಡಿಯ, ಇಬ್ರಾಹಿಮಾಕ. ಅವರು ವಿಟ್ಲದ ಹತ್ತಿರದ ಕನ್ಯಾನದ ಬ್ಯಾರಿ, ಇಪ್ಪತ್ತು ವರ್ಷದಿಂದ ನಮ್ಮ ಕಟ್ಟಡಕ್ಕೆ ಹಾಲು, ಮೊಟ್ಟೆ, ಖುಬ್ಬೂಸ್ ರೊಟ್ಟಿ ಕೊಡುವವರು. ಮಂಕಿ ಕ್ಯಾಪ್ ಹಾಕಿಕೊಂಡು ನನ್ನ ಜೊತೆ ಇಳಿದ ಮಾವನನ್ನು ನೋಡಿ ಕೈಯಲ್ಲಿದ್ದ ಮೊಟ್ಟೆಯ ಟ್ರೇ ಕೆಳಗಿಟ್ಟು ಎದ್ದು ನಿಂತರು. "ನಮ್ಮ ಮಾಸ್ಟ್ರಲ್ವಾ? ನಿಮ್ಮ ಅರ್ಥ ಕೇಳಲಿಕ್ಕೆ ನಾವು ಶಾಲೆಯ ಗೋಡೆ ಹತ್ತಿ ಕೂರ್ತಿದ್ದೆವು" ಎಂದರು. ಮಾವ ಆ ದಿನ ಮೆಟ್ಟಿಲು ಹತ್ತುವಾಗ ಪಕ್ಕದ ಕಂಬಿ ಹಿಡಿಯಲಿಲ್ಲ.

ಘಟ್ಟದ ಮೇಲಿನ ಓದುಗರಿಗೆ ಸ್ವಲ್ಪ ವಿವರಿಸಬೇಕು. ನಮ್ಮಲ್ಲಿ ತಾಳಮದ್ದಳೆ ಎಂದು ಒಂದು ಉಂಟು. ಯಕ್ಷಗಾನವೇ, ಆದರೆ ವೇಷ ಇಲ್ಲ, ಕುಣಿತ ಇಲ್ಲ. ಪಂಚೆ ಶಾಲು ಹಾಕಿಕೊಂಡು ಎದುರುಬದುರು ಕೂರುವುದು. ಭಾಗವತರು ಒಂದು ಪದ ಹಾಡ್ತಾರೆ, ಆಮೇಲೆ ಆ ಪಾತ್ರದವರು ಅಲ್ಲಿಯೇ ಹೊಳೆದ ಮಾತು ಕಟ್ಟಿ ಮಾತಾಡಬೇಕು. ಆ ಮಾತಿಗೆ ಅರ್ಥ ಎನ್ನುತ್ತಾರೆ. ಮನೆಯಲ್ಲಿ ತುಳು ಮಾತಾಡುವವರೂ ಅಲ್ಲಿ ಕೂತರೆ ಅಪ್ಪಟ ಕನ್ನಡ. ಒಂದು ಇಂಗ್ಲಿಷ್ ಶಬ್ದ ನುಸುಳಿದರೆ ಮರ್ಯಾದೆ ಹೋಯಿತು. ಮಾವ ಆ ಸುತ್ತಿನಲ್ಲಿ ದೊಡ್ಡ ಅರ್ಥಧಾರಿ. ಹರೀಶ್ ಚಿಕ್ಕವರಿರುವಾಗ ಅವರ ಜೊತೆ ಹೋಗಿ ದೂತನ ಪಾತ್ರಕ್ಕೆ ಕೂರುತ್ತಿದ್ದರಂತೆ. ದೂತನಿಗೆ ಎರಡೇ ಮಾತು, "ಅಪ್ಪಣೆ ಪ್ರಭು" ಮತ್ತು "ಇದೋ ಹೊರಟೆ". ನಾದಿನಿ ಹೇಳಿ ನನಗೆ ಇದೆಲ್ಲ ಗೊತ್ತು.

ಮಾವ ಬಂದ ಎರಡನೇ ಶುಕ್ರವಾರ. ಮಧ್ಯಾಹ್ನ ಬಂಗುಡೆ ಸಾರಿನ ಊಟ ಆಗಿತ್ತು. ಸಾನ್ವಿ ಅಜ್ಜನ ಪಕ್ಕ ಕೂತು ಒಂದು ಮೂಕ ಕಾರ್ಟೂನ್ ಹಾಕಿದಳು. "ಅಜ್ಜ, ನೋ ಲ್ಯಾಂಗ್ವೇಜ್ ಪ್ರಾಬ್ಲೆಂ" ಎಂದು ಧೈರ್ಯವನ್ನೂ ಕೊಟ್ಟಳು. ಗಂಡ ತಡವಾಗಿ ಮನೆಗೆ ಬರ್ತಾನೆ, ಬೂಟು ಬಿಚ್ಚಿ ಕೈಯಲ್ಲಿ ಹಿಡಿದು ತುದಿಗಾಲಲ್ಲಿ ಒಳಗೆ ನುಗ್ಗುತ್ತಾನೆ, ಬಾಗಿಲ ಹಿಂದೆ ಹೆಂಡತಿ ಲಟ್ಟಣಿಗೆ ಎತ್ತಿ ನಿಂತಿದ್ದಾಳೆ. ನಾವೆಲ್ಲ ನೂರು ಸಲ ನೋಡಿದ ಚಿತ್ರ. ಮಾವ ಕನ್ನಡಕ ಒರೆಸಿಕೊಂಡು ಶ್ರದ್ಧೆಯಿಂದ ನೋಡಿದರು. ಲಟ್ಟಣಿಗೆ ಬಿತ್ತು, ನಕ್ಷತ್ರ ಹಾರಿತು. ಮಾವ ನನ್ನ ಕಡೆ ತಿರುಗಿ, "ಅರ್ಥ ಹೇಳುವವರು ಯಾಕೆ ಬರಲಿಲ್ಲ?" ಎಂದು ಕೇಳಿದರು.

ನಾನು ತಮಾಷೆ ಎಂದುಕೊಂಡೆ. ಅಲ್ಲ, ಅವರು ನಿಜವಾಗಿ ಕೇಳಿದ್ದು. ಚಿತ್ರ ಎಂದರೆ ಪದದ ಹಾಗೆ, ಅದು ಬರೀ ಸೂಚನೆ. ಅದರ ಮೇಲೆ ಮಾತಾಡಲಿಕ್ಕೆ ಜನ ಬೇಕು, ಅವರಿಗೆ ಏನೋ ಅಡಚಣೆಯಾಗಿ ಬರಲಿಲ್ಲ, ಹಾಗಾಗಿ ಮಗು ಪಾಪ ಬರೀ ಚಿತ್ರ ನೋಡ್ತಾ ಉಂಟು. ಹೀಗೆ ಅವರು ತಿಳಿದದ್ದು. "ಇದಕ್ಕೆ ಮಾತೇ ಇಲ್ಲ ಮಾವ" ಎಂದರೆ ಅವರಿಗೆ ನನ್ನ ಮೇಲೇ ಕನಿಕರ ಬಂತು. "ಮಾತಿಲ್ಲದೆ ಹೊಡೆಯುವುದುಂಟಾ? ಹೊಡೆಯಬೇಕಾದರೆ ಒಂದು ಕಾರಣ ಹೇಳಿಯೇ ಹೊಡೆಯಬೇಕು" ಎಂದು ಶಾಲು ಸರಿಮಾಡಿಕೊಂಡು, ಸಾನ್ವಿಗೆ ಹಿಂದಕ್ಕೆ ಓಡಿಸಲು ಹೇಳಿ, ಹೆಂಡತಿಯ ಪಾತ್ರಕ್ಕೆ ಅರ್ಥ ಶುರುಮಾಡಿಯೇ ಬಿಟ್ಟರು.

"ಎಲೈ ಗೃಹಪತಿಯೇ, ನಿಲ್ಲು. ಪಾದರಕ್ಷೆಯಿರುವುದು ಪಾದಕ್ಕೋ ಹಸ್ತಕ್ಕೋ? ತನ್ನ ಮನೆಯನ್ನು ತಾನೇ ಕಳ್ಳನಂತೆ ಹೊಗುವ ನಿನ್ನನ್ನು ನಾನು ಪತಿಯೆಂದು ಕರೆಯಲೋ, ಪರನೆಂದು ಕರೆಯಲೋ?"

ಚಿತ್ರ ಇರುವುದೇ ಏಳು ನಿಮಿಷ. ಮಾವನ ಪೀಠಿಕೆಗೇ ಅಷ್ಟು ಸಾಲದು. ಸಾನ್ವಿ ಬೇಗ ಉಪಾಯ ಕಂಡುಕೊಂಡಳು, ಅಜ್ಜ ಬಾಯಿ ತೆರೆದ ಕೂಡಲೇ ಚಿತ್ರ ನಿಲ್ಲಿಸುವ ಬಟನ್ ಒತ್ತುವುದು. ಆ ಹೆಂಡತಿ ಲಟ್ಟಣಿಗೆ ಎತ್ತಿದವಳು ಎತ್ತಿದ ಹಾಗೆ ಇಪ್ಪತ್ತು ನಿಮಿಷ ನಿಂತಿರುತ್ತಿದ್ದಳು, ನನ್ನದೇ ತೋಳು ನೋಯುತ್ತಿತ್ತು. "ಅಜ್ಜ, ಕ್ಯಾನ್ ಐ ಪ್ಲೇ ನೌ?" "ತಡಿ ಮಗಾ, ಇನ್ನು ಎರಡು ಆರೋಪ ಬಾಕಿ ಉಂಟು."

ಅಲ್ಲಿಂದ ಮುಂದಿನ ಶುಕ್ರವಾರಗಳೆಲ್ಲ ಹೀಗೇ. ಊಟ ಮುಗಿಯುವುದೇ ತಡ, ಸಾನ್ವಿ ರಿಮೋಟ್ ಹಿಡಿದು ಭಾಗವತರ ಜಾಗದಲ್ಲಿ ಕೂರುವಳು. ಒಂದು ಚಿತ್ರದಲ್ಲಿ ಕಸ ಹೀರುವ ಯಂತ್ರ ಬಂತು, ಮಾವ ತಡವರಿಸದೆ 'ಧೂಳಿಭಕ್ಷಕ' ಎಂದರು. ಮಗು ಹಗ್ಗದ ಮೇಲೆ ಹೋಗುವ ಚಿತ್ರದಲ್ಲಿ ಆ ಮಗುವಿಗೂ ಅರ್ಥ ಹೇಳಿದರು, ಅದು ವೇದಾಂತ ಮಾತಾಡಿತು. ಬೆಕ್ಕಿಗೆ ಮಾತ್ರ ಸಾನ್ವಿಯೇ ಮಿಯಾಂವ್ ಎಂದಳು. ಅದನ್ನೂ ಸ್ವಲ್ಪ ಗಾಂಭೀರ್ಯದಿಂದ ಹೇಳಬೇಕು ಎಂದು ಅಜ್ಜ ತಿದ್ದಿದರು. ಒಂದು ಶುಕ್ರವಾರ ನಮಾಜಿನ ನಂತರ ಇಬ್ರಾಹಿಮಾಕನೂ ಒಂದು ಪೊಟ್ಟಣ ಖರ್ಜೂರ ಹಿಡಿದುಕೊಂಡು ಬಂದು ಬಾಗಿಲ ಹತ್ತಿರ ಕೂತು ಕೇಳಿ ಹೋದರು. "ಸ್ವರ ಹಾಗೇ ಉಂಟು" ಎಂದು ನನ್ನ ಹತ್ತಿರ ಹೇಳುವಾಗ ಅವರ ಕಣ್ಣು ಒದ್ದೆಯಾಗಿತ್ತು.

ಹರೀಶ್ ಎಲ್ಲಿದ್ದರು ಎಂದರೆ, ಅಲ್ಲೇ. ಬಾಲ್ಕನಿಯ ಬಾಗಿಲ ಹತ್ತಿರ ಕುರ್ಚಿ ಹಾಕಿಕೊಂಡು ಫೋನ್ ನೋಡುವ ಹಾಗೆ ಮಾಡುತ್ತ. ಮೊದಲ ವಾರ ಬೆನ್ನು ಹಾಕಿ ಕೂತಿದ್ದರು. ಆಮೇಲೆ ಕುರ್ಚಿ ಓರೆಯಾಯಿತು. ಧೂಳಿಭಕ್ಷಕನ ದಿನ ಅವರಿಗೆ ನಗು ತಡೆಯಲಿಕ್ಕಾಗದೆ ಕೆಮ್ಮಿದರು, ಮಾವ ನನಗೆ, "ಅವನಿಗೆ ಬಿಸಿನೀರು ಕೊಡು" ಎಂದರು. ನಾನು ಒಳಗೆ ಹೋಗಿ ಬಿಸಿನೀರು ಕಾಯಿಸುತ್ತ ಒಬ್ಬಳೇ ನಕ್ಕೆ. ಆದರೆ ಅದರಿಂದ ಆಚೆಗೆ ಏನೂ ಕದಲಲಿಲ್ಲ. ಮಾವ ಹೊರಡುವ ದಿನ ಹತ್ತಿರ ಬರುತ್ತಿತ್ತು, ನನಗೆ ಕ್ಲಿನಿಕ್ಕಿನಲ್ಲಿ ಅಪಾಯಿಂಟ್‌ಮೆಂಟುಗಳು ತಪ್ಪಲಿಕ್ಕೆ ಶುರುವಾದವು. ಒಬ್ಬ ಕುವೈತಿ ಅಜ್ಜಿಯನ್ನು ಮಗುವಿನ ಹಾಲುಹಲ್ಲಿನ ಡಾಕ್ಟರ ಹತ್ತಿರ ಕಳುಹಿಸಿಬಿಟ್ಟೆ.

ಕೊನೆಯ ಶುಕ್ರವಾರ ಬಂತು. ಭಾನುವಾರ ಮಾವನ ವಿಮಾನ. ಸಾನ್ವಿ "ಶೂಸ್ ವನ್" ಬೇಕೆಂದಳು, ಅಂದರೆ ಬೂಟು ಕೈಯಲ್ಲಿ ಹಿಡಿದು ಬರುವ ಗಂಡನ ಚಿತ್ರ. ನಾನು ಅಡಿಗೆಮನೆಯ ಬಾಗಿಲಲ್ಲಿ ಚಹಾದ ಟ್ರೇ ಹಿಡಿದು ನಿಂತಿದ್ದೆ. ಹೆಂಡತಿ ಲಟ್ಟಣಿಗೆ ಎತ್ತಿದಳು, ಸಾನ್ವಿ ನಿಲ್ಲಿಸಿದಳು, ಮಾವ ಶುರುಮಾಡಿದರು. 

"ಹೇಳು ಗೃಹಪತಿಯೇ. ಒಲೆ ಆರಿ ಬೂದಿಯೂ ತಣ್ಣಗಾದ ಮೇಲೆ ಬಂದಿರುವೆ. ದಾರಿಯಲ್ಲಿ ನಿನ್ನನ್ನು ಕಟ್ಟಿಹಾಕಿದವರು ಯಾರು?"

ಯಾವಾಗಲೂ ಮಾವನೇ ದನಿ ಬದಲಿಸಿ, ಆ ಗಂಡನ ಪರವಾಗಿ ಎರಡು ಬಡಪಾಯಿ ಮಾತು ಹೇಳುತ್ತಿದ್ದರು. ಆ ದಿನ ಅವರು ದನಿ ಬದಲಿಸಲಿಲ್ಲ, ಕನ್ನಡಕ ತೆಗೆದು ಒರೆಸಿದರು. ಸಾನ್ವಿ ರಿಮೋಟ್ ಹಿಡಿದು ಕಾದಳು.

"ಯಾರೂ ಕಟ್ಟಿಹಾಕಲಿಲ್ಲ, ಗೃಹಿಣಿಯೇ."

ಬಾಲ್ಕನಿಯ ಕಡೆಯಿಂದ ಬಂದ ಸ್ವರ. ನನ್ನ ಗಂಡ ಇಂಥ ಕನ್ನಡ ಮಾತಾಡಿದ್ದನ್ನು ಮದುವೆಯಾದ ಹದಿನಾಲ್ಕು ವರ್ಷದಲ್ಲಿ ನಾನು ಕೇಳಿರಲಿಲ್ಲ. ಮಾವ ತಿರುಗಿ ನೋಡಲಿಲ್ಲ, ಟಿ.ವಿ.ಯನ್ನೇ ನೋಡುತ್ತಿದ್ದರು. ಶಾಲು ಮಾತ್ರ ಸರಿಮಾಡಿಕೊಂಡರು.

"ಕಟ್ಟಿಹಾಕಲಿಲ್ಲವೇ? ಹಾಗಾದರೆ ಹೊರಡುವ ಬಾಗಿಲಿಗೆ ಬೀಗ ಬಿದ್ದಿತ್ತೋ?"

"ಬೀಗ ಬಿದ್ದಿದೆ ಎಂದು ಹೇಳಿ ಕಳುಹಿಸಿದ್ದೆ. ಅದು ಸುಳ್ಳು. ಬೀಗದ ಕೈ ನನ್ನಲ್ಲೇ ಇತ್ತು."

ನಾನು ಚಹಾದ ಟ್ರೇ ಕೆಳಗಿಟ್ಟೆ. ಆ ಸುಳ್ಳು ಹೇಳಿದ ಬಾಯಿ ನನ್ನದು. ಹರೀಶ್ ಅದನ್ನೂ ತನ್ನ ಪಾತ್ರಕ್ಕೇ ಹಾಕಿಕೊಂಡರು.

"ಬೀಗದ ಕೈ ನಿನ್ನಲ್ಲಿದ್ದೂ ತೆರೆಯದೆ ಇದ್ದದ್ದು ಯಾಕೆ?" ಮಾವನ ದನಿ ಸಣ್ಣದಾಗಿತ್ತು.

"ಆ ಬಾಗಿಲು ದಾಟಿದರೆ ಹಿಂದಿನಿಂದ ಅನ್ನದ ಬಾಗಿಲು ಮುಚ್ಚುತ್ತಿತ್ತು. ನಾನು ಅನ್ನವನ್ನು ಆರಿಸಿಕೊಂಡೆ. ಅಂದಿನಿಂದ ನಿಮ್ಮೆದುರು ನಿಂತು ಮಾತಾಡುವ ಮುಖ ನನಗಿಲ್ಲ. ಎತ್ತಿದ ಕೈಯನ್ನು ಇಳಿಸಿ, ಹೊಡೆಯಿರಿ."

ಇಷ್ಟು ಕೇಳಿದ ಮೇಲೆ ಮಾವ ಎದ್ದು ಹೋಗ್ತಾರೆ ಎಂದುಕೊಂಡೆ. ಐದು ವರ್ಷದ ಸಿಟ್ಟಿಗೆ ಈಗ ಕಾರಣವೂ ಸಿಕ್ಕಿತಲ್ಲ. ಮಾವ ಎರಡೂ ಅಂಗೈ ಮೊಣಕಾಲ ಮೇಲಿಟ್ಟುಕೊಂಡರು. ಆಮೇಲೆ ಅದೇ ಹೆಂಡತಿಯ ಪಾತ್ರದಲ್ಲೇ ಮಾತು ಮುಂದುವರಿಸಿದರು.

"ಹೊಡೆಯುವ ಅಧಿಕಾರ ನನಗಿಲ್ಲ. ನಿನ್ನ ತಪ್ಪನ್ನು ನೀನು ಹೇಳಿದೆ, ನನ್ನದನ್ನೂ ಕೇಳು. ನಾನು ಮರಣಶಯ್ಯೆಯಲ್ಲಿ ಮಲಗಿದ ಸುದ್ದಿಯನ್ನು ನಿನಗೆ ಮುಟ್ಟಿಸಬಾರದೆಂದು ಮನೆಯವರ ಬಾಯಿ ಕಟ್ಟಿದವಳು ನಾನೇ. ಆ ಮನೆಯ ಯಜಮಾನ ಮೂರು ದಿನ ಬಾಯಿ ಬಿಡದೆ ಕುಳಿತ. ಕರೆಯಬೇಕಾದಾಗ ಕರೆಯದವನಿಗೆ, ನೀನೇಕೆ ಬರಲಿಲ್ಲವೆಂದು ಕೇಳುವ ಮುಖವೆಲ್ಲಿ? ಅದಕ್ಕೇ ಅವನೂ ಮಾತು ಬಿಟ್ಟ."

ಸಾನ್ವಿ ಟಿ.ವಿ. ನೋಡಿ, ಅಜ್ಜನನ್ನು ನೋಡಿ, "ಅಜ್ಜ, ದಟ್ಸ್ ನಾಟ್ ಇನ್ ದ ಸ್ಟೋರಿ" ಎಂದಳು.

ನನಗೆ ಆಗಲೇ ಗೊತ್ತಾದದ್ದು, ಈ ಐದು ವರ್ಷ ಇಬ್ಬರಲ್ಲಿ ಒಬ್ಬರಿಗೂ ಸಿಟ್ಟಿರಲಿಲ್ಲ ಎಂದು. ಒಬ್ಬರಿಗೊಬ್ಬರು ಹೆದರಿ ಕೂತಿದ್ದರು, ಅಷ್ಟೇ. ನಾನು ನಡುವೆ ಸಾರು ಬೇಕಾ ಸಾಕಾ ಎಂದು ಕೇಳುತ್ತ ತಿರುಗಾಡಿದ್ದೆ. ನನಗೆ ಅಳು ಬಂತು, ನಾಚಿಕೆಯೂ ಆಯಿತು.

ಹರೀಶ್ ಕುರ್ಚಿಯಿಂದ ಎದ್ದು ಬಂದು ಸೋಫಾದ ಹತ್ತಿರ ನಿಂತರು. ಈ ಸಲ ಅವರು ಕೇಳಿದ್ದು ತುಳುವಿನಲ್ಲಿ, ಮನೆಯ ಮಾತಿನಲ್ಲಿ, ನೇರವಾಗಿ ಅಪ್ಪನ ಹತ್ತಿರ.

"ಅಮ್ಮ ಹಾಗೆ ಹೇಳಿದ್ದರಾ?"

ಮಾವ ತಲೆಯೆತ್ತಿ ಮಗನನ್ನು ನೋಡಿದರು. ಅವರೂ ಕನ್ನಡ ಬಿಟ್ಟರು.

"ಹೌದು ಮಗಾ. ಆಸ್ಪತ್ರೆಗೆ ಸೇರಿಸಿದ ದಿವಸವೇ ಹೇಳಿದಳು. ಅವನಿಗೆ ತಿಳಿಸಬೇಡಿ, ಹೊಸ ಕೆಲಸ, ತಿಳಿದರೆ ಎಲ್ಲ ಬಿಟ್ಟು ಓಡಿ ಬರ್ತಾನೆ ಅಂದಳು. ಮೂರು ದಿನವೂ ಅದೇ ಹೇಳಿದಳು, ಓಡಿ ಬರ್ತಾನೆ, ಓಡಿ ಬರ್ತಾನೆ ಅಂತ."

ಹರೀಶ್ ಅಪ್ಪನ ಪಕ್ಕ ಕೂತರು.

"ತಿಳಿದಿದ್ದರೂ ನಾನು ಬರ್ತಿರಲಿಲ್ಲ ಅಪ್ಪ" ಎಂದರು.

ಮಾವ ಮಗನ ಬೆನ್ನ ಮೇಲೆ ಕೈಯಿಟ್ಟರು.

"ಅದನ್ನು ಅವಳಿಗೆ ಹೇಳಲಿಕ್ಕೆ ಹೋಗಬೇಡ" ಎಂದರು.